ಹಳೆಯ ಆಟ, ಹೊಸ ಪರದೆ: ವೃತ್ತ ಮೊಟ್ಟೆಯಾದ ಕಥೆ

ಕೂಡ್ಲಿಗಿ ತಾಲ್ಲೂಕಿನ ಕಾನಹೊಸಹಳ್ಳಿಯಂಥ ಹೋಬಳಿ ಕೇಂದ್ರದ ಪ್ರೌಢಶಾಲೆಯೊಂದರಲ್ಲಿ ಗಣಕ ಕೊಠಡಿಯ ಉಸ್ತುವಾರಿ ನಿಮ್ಮದು ಎಂದುಕೊಳ್ಳಿ. ಹಳೆಯ ದಪ್ಪ ಮಾನಿಟರು ಕೆಟ್ಟು, ಅದರ ಜಾಗಕ್ಕೆ ತೆಳ್ಳಗಿನ ಅಗಲ ಮಾನಿಟರು ಬಂದಿದೆ. ಬೀರುವಿನಲ್ಲಿದ್ದ ಹಳೆಯ ಸಿಡಿಯನ್ನು ಹಾಕಿ ಗಣಿತದ ಆಟವೊಂದನ್ನು ತೆರೆಯುತ್ತೀರಿ. ಪರದೆಯ ಮೇಲೆ ವೃತ್ತ ಇರಬೇಕಾದಲ್ಲಿ ಅಡ್ಡ ಮಲಗಿದ ಮೊಟ್ಟೆ ಕಾಣುತ್ತದೆ. ಇನ್ನೊಂದು ಗಣಕದಲ್ಲಿ ಹಸಿರು ಹುಲ್ಲುಗಾವಲು ನೇರಳೆ ಬಣ್ಣ ತಳೆದಿದೆ. ಮೂರನೆಯದರಲ್ಲಿ ಚಿತ್ರವೇ ಇಲ್ಲ. ಕಪ್ಪು ಪರದೆಯ ನಡುವೆ 'ವ್ಯಾಪ್ತಿ ಮೀರಿದೆ' ಎಂಬ ಅರ್ಥದ ಒಂದು ಸಂದೇಶ ತೇಲುತ್ತಿದೆ.

ಸಿಡಿ ಹಾಳಾಗಿದೆ ಎಂದು ಒಬ್ಬರು, ಮಾನಿಟರು ಸರಿಯಿಲ್ಲ ಎಂದು ಇನ್ನೊಬ್ಬರು ತೀರ್ಮಾನಿಸಬಹುದು. ಸಾಮಾನ್ಯವಾಗಿ ಎರಡೂ ತಪ್ಪು. ಆಟವನ್ನು ಬರೆದವರು ಒಂದು ಬಗೆಯ ಪರದೆಯನ್ನು ಮನಸ್ಸಿನಲ್ಲಿಟ್ಟುಕೊಂಡಿದ್ದರು. ಆ ಪರದೆಯ ಆಕಾರ, ಬಣ್ಣ, ವೇಗ ಇಷ್ಟೇ ಎಂದು ನಂಬಿದ್ದರು. ಆ ನಂಬಿಕೆಯನ್ನು ಎಲ್ಲಿಯೂ ಬರೆದಿಡಲಿಲ್ಲ. ಪರದೆ ಬದಲಾದಾಗ ನಂಬಿಕೆ ಮುರಿಯಿತು, ಚಿತ್ರ ಕೆಟ್ಟಿತು. ಆದ್ದರಿಂದ ಇಂಥ ಆಟವನ್ನು ಸರಿಪಡಿಸುವುದೆಂದರೆ ಅದು ಹುಟ್ಟಿದ ಕಾಲದ ಪರದೆ ಹೇಗಿತ್ತು ಎಂದು ತಿಳಿದುಕೊಳ್ಳುವುದೇ ಆಗಿದೆ. ಬನ್ನಿ, ಆ ಚರಿತ್ರೆಯನ್ನು ಸ್ವಲ್ಪ ನೋಡೋಣ.

ಕಿರಣವೇ ಕುಂಚವಾಗಿದ್ದ ಕಾಲ

1958ರಲ್ಲಿ ಅಮೆರಿಕದ ಬ್ರೂಕ್‌ಹೇವನ್ ರಾಷ್ಟ್ರೀಯ ಪ್ರಯೋಗಾಲಯದ ಭೌತವಿಜ್ಞಾನಿ ವಿಲಿಯಂ ಹಿಗಿನ್‌ಬಾಥಮ್, ಪ್ರಯೋಗಾಲಯ ನೋಡಲು ಬರುವ ಜನರಿಗಾಗಿ 'ಟೆನಿಸ್ ಫಾರ್ ಟು' ಎಂಬ ಆಟವನ್ನು ಸಿದ್ಧಪಡಿಸಿದರು. ಅದರ ಪರದೆ ಒಂದು ಆಸಿಲೋಸ್ಕೋಪು. 1962ರಲ್ಲಿ ಎಂ.ಐ.ಟಿ.ಯ ಸ್ಟೀವ್ ರಸೆಲ್ ಮತ್ತು ಗೆಳೆಯರು ಪಿಡಿಪಿ-1 ಗಣಕದಲ್ಲಿ 'ಸ್ಪೇಸ್‌ವಾರ್' ಆಟವನ್ನು ರಚಿಸಿದರು. ಈ ಎರಡರಲ್ಲೂ ಎಲೆಕ್ಟ್ರಾನ್ ಕಿರಣವನ್ನು ಬೇಕಾದ ಬಿಂದುವಿಗೆ ನೇರವಾಗಿ ಒಯ್ದು ಚಿತ್ರ ಬರೆಯುತ್ತಿದ್ದರು. ನಾವು ಕಾಗದದ ಮೇಲೆ ಪೆನ್ನು ಆಡಿಸುವ ಹಾಗೆ.

1972ರಲ್ಲಿ ಅಟಾರಿ ಸಂಸ್ಥೆಯ 'ಪಾಂಗ್' ಬಂದಾಗ ಆ ಯಂತ್ರದೊಳಗೆ ಇದ್ದದ್ದು ಸಾಮಾನ್ಯ ಕಪ್ಪು-ಬಿಳುಪು ಟಿವಿ. ಅಲ್ಲಿಂದ ಮುಂದೆ ಆಟಗಳ ಪರದೆ ಎಂದರೆ ಟಿವಿಯ ನಿಯಮಗಳ ಪರದೆ. ಟಿವಿಯಲ್ಲಿ ಕಿರಣವು ಬೇಕಾದಲ್ಲಿಗೆ ಹೋಗುವುದಿಲ್ಲ. ಎಡದಿಂದ ಬಲಕ್ಕೆ ಒಂದು ಸಾಲು, ಅದರ ಕೆಳಗೆ ಮತ್ತೊಂದು ಸಾಲು, ಹೀಗೆ ಹೊಲ ಉಳುವಂತೆ ಸಾಗುತ್ತದೆ. ಅಮೆರಿಕದ ಎನ್‌ಟಿಎಸ್‌ಸಿ ಪದ್ಧತಿಯಲ್ಲಿ 525 ಸಾಲು. ಸೆಕೆಂಡಿಗೆ ಸುಮಾರು 60 ಸಲ ಪರದೆಯ ಮೇಲಿನಿಂದ ಕೆಳಗಿನವರೆಗೆ ಓಟ. ಭಾರತ ಆರಿಸಿಕೊಂಡ ಪದ್ಧತಿಯಲ್ಲಿ 625 ಸಾಲು, 50 ಓಟ. 1982ರಲ್ಲಿ ನಮ್ಮಲ್ಲಿ ಬಣ್ಣದ ಟಿವಿ ಬಂದಾಗ ಬಣ್ಣಕ್ಕೆ 'ಪಾಲ್' ಪದ್ಧತಿ ಬಳಕೆಗೆ ಬಂತು. ಈ ವ್ಯತ್ಯಾಸವನ್ನು ನೆನಪಿಡಿ. ಮುಂದೆ ಬಣ್ಣಗಳ ಗೊಂದಲಕ್ಕೆ ಇದೇ ಕಾರಣವಾಗುತ್ತದೆ.

ಎರಡೂ ಪದ್ಧತಿಗಳಲ್ಲಿ ಒಂದು ಅಂಶ ಮಾತ್ರ ಸಮಾನ. ಪರದೆಯ ಅಗಲ ಮತ್ತು ಎತ್ತರದ ಅನುಪಾತ 4:3. ಈ ಅನುಪಾತ ಎಷ್ಟು ಸಹಜವಾಗಿತ್ತೆಂದರೆ, ಮುಂದೆಂದೋ ಅದು ಬದಲಾದೀತು ಎಂದು ಆಟ ಬರೆಯುವವರಿಗೆ ಹೊಳೆಯಲೇ ಇಲ್ಲ.

ನಮ್ಮ ಶಾಲೆಗಳಿಗೆ ಬಂದ ಮೊದಲ ಪರದೆ

ಭಾರತದ ಶಾಲೆಗಳಿಗೆ ಗಣಕಗಳನ್ನು ತಂದ ಮೊದಲ ದೊಡ್ಡ ಪ್ರಯತ್ನ 1984ರಲ್ಲಿ ಆರಂಭವಾದ 'ಕ್ಲಾಸ್' ಯೋಜನೆ. ಅದರಲ್ಲಿ ಶಾಲೆಗಳಿಗೆ ದೊರೆತದ್ದು ಬ್ರಿಟನ್ನಿನ ಏಕಾರ್ನ್ ಸಂಸ್ಥೆ ರೂಪಿಸಿದ 'ಬಿಬಿಸಿ ಮೈಕ್ರೋ'. ಬ್ರಿಟನ್ನಿನ ಟಿವಿಯೂ ನಮ್ಮಂತೆ 625 ಸಾಲು, 50 ಓಟದ್ದು. ಹಾಗಾಗಿ ಆ ಗಣಕದ ಚಿತ್ರ ನಮ್ಮ ಪರದೆಗಳಿಗೆ ತೊಂದರೆಯಿಲ್ಲದೆ ಹೊಂದಿತು.

ಅದೇ ವರ್ಷ ಬಿಬಿಸಿ ಮೈಕ್ರೋಗಾಗಿ ಡೇವಿಡ್ ಬ್ರೇಬೆನ್ ಮತ್ತು ಇಯಾನ್ ಬೆಲ್ ಬರೆದ 'ಎಲೀಟ್' ಎಂಬ ಆಟ ಬಿಡುಗಡೆಯಾಯಿತು. ಅದರೊಳಗಿನ ಒಂದು ಉಪಾಯವನ್ನು ವಿದ್ಯಾರ್ಥಿಗಳಿಗೆ ಹೇಳಲೇಬೇಕು. ಆ ಗಣಕದ ಸ್ಮರಣೆ 32 ಕಿಲೋಬೈಟು ಮಾತ್ರ. ಸೂಕ್ಷ್ಮವಾದ ಗೆರೆಗಳೂ ಬೇಕು, ಬಣ್ಣವೂ ಬೇಕು ಎಂದರೆ ಸ್ಮರಣೆ ಸಾಲದು. ಆದ್ದರಿಂದ ಅವರು ಪರದೆಯನ್ನು ಎರಡು ಭಾಗ ಮಾಡಿದರು. ಆಕಾಶನೌಕೆಗಳಿರುವ ಮೇಲಿನ ಭಾಗದಲ್ಲಿ ಸೂಕ್ಷ್ಮ ಗೆರೆ, ಎರಡೇ ಬಣ್ಣ. ಸೂಚಕಗಳಿರುವ ಕೆಳಭಾಗದಲ್ಲಿ ಒರಟು ಗೆರೆ, ನಾಲ್ಕು ಬಣ್ಣ. ಒಂದು ಓಟಕ್ಕೆ ಕಿರಣ ತೆಗೆದುಕೊಳ್ಳುವ ಕಾಲ 20 ಮಿಲಿಸೆಕೆಂಡು. ಕಿರಣ ನಿರ್ದಿಷ್ಟ ಸಾಲಿಗೆ ಬಂದ ಕ್ಷಣದಲ್ಲಿ ಗಡಿಯಾರ ಮಂಡಲವೊಂದು ಪ್ರೊಸೆಸರನ್ನು ಎಚ್ಚರಿಸುತ್ತಿತ್ತು. ಪ್ರೊಸೆಸರು ಓಟದ ನಡುವೆಯೇ ಚಿತ್ರದ ವಿಧಾನವನ್ನು ಬದಲಿಸುತ್ತಿತ್ತು. ಕಿರಣ ಮೇಲಕ್ಕೆ ಮರಳಿದಾಗ ಮತ್ತೆ ಮೊದಲಿನ ವಿಧಾನ. ಸೆಕೆಂಡಿಗೆ 50 ಸಲ ಈ ಅದಲು ಬದಲು.

ಇಲ್ಲಿ ಆಟದ ಚಿತ್ರ ಸ್ಮರಣೆಯಲ್ಲಷ್ಟೇ ಇಲ್ಲ, ಕಾಲದಲ್ಲಿಯೂ ಇದೆ. ಕಿರಣದ ವೇಗ ಸ್ವಲ್ಪ ಬೇರೆಯಾದರೂ ಎರಡು ಭಾಗಗಳ ಗಡಿ ತಪ್ಪಾದ ಸಾಲಿಗೆ ಜಾರುತ್ತದೆ. ಅಂಥ ಆಟವನ್ನು ಇಂದಿನ ಗಣಕದಲ್ಲಿ ತೋರಿಸಬೇಕಾದರೆ ಅನುಕರಣ ತಂತ್ರಾಂಶವು ಹಳೆಯ ಪ್ರೊಸೆಸರನ್ನು ಅನುಕರಿಸಿದರೆ ಸಾಲದು. ಇಲ್ಲದ ಕಿರಣದ ಓಟವನ್ನೂ ಸಾಲು ಸಾಲಾಗಿ ಲೆಕ್ಕ ಇಡಬೇಕು.

ನಾಲ್ಕು ಬಣ್ಣದ ಒಗಟು

1981ರಲ್ಲಿ ಬಂದ ಐಬಿಎಂ ಪಿಸಿಗೆ ಬಣ್ಣದ ಚಿತ್ರ ಕೊಡಲು 'ಸಿಜಿಎ' ಎಂಬ ಕಾರ್ಡು ಇತ್ತು. ಅದರ ಸ್ಮರಣೆ 16 ಕಿಲೋಬೈಟು. ಅಡ್ಡ 320, ಉದ್ದ 200 ಪಿಕ್ಸೆಲುಗಳ ಚಿತ್ರದಲ್ಲಿ ಏಕಕಾಲಕ್ಕೆ ನಾಲ್ಕು ಬಣ್ಣ. 640 × 200ರಲ್ಲಿ ಎರಡೇ ಬಣ್ಣ. ಹಳೆಯ ಆಟಗಳ ಚಿತ್ರಗಳಲ್ಲಿ ತಿಳಿನೀಲಿ, ನೇರಳೆಗುಲಾಬಿ, ಬಿಳಿ, ಕಪ್ಪು ಮಾತ್ರ ಇರುವುದನ್ನು ನೀವು ನೋಡಿರಬಹುದು. ಅದು ದೋಷವಲ್ಲ, ಆ ಕಾರ್ಡಿನ ಮಿತಿ.

ಆದರೆ ಕೆಲವು ಆಟಗಳು ಈ ಮಿತಿಯನ್ನು ಮೀರಿದವು. ಅಮೆರಿಕದ ಟಿವಿಯಲ್ಲಿ ಬಣ್ಣವನ್ನು ಹೊತ್ತುತರುವ ಉಪವಾಹಕ ತರಂಗದ ಆವೃತ್ತಿ ಸುಮಾರು 3.58 ಮೆಗಾಹರ್ಟ್ಸ್. ಸಿಜಿಎ ಕಾರ್ಡು 640 ಪಿಕ್ಸೆಲುಗಳ ವಿಧಾನದಲ್ಲಿ ಪಿಕ್ಸೆಲುಗಳನ್ನು ಕಳುಹಿಸುವ ಆವೃತ್ತಿ ಸುಮಾರು 14.32 ಮೆಗಾಹರ್ಟ್ಸ್, ಅಂದರೆ ಸರಿಯಾಗಿ ಅದರ ನಾಲ್ಕರಷ್ಟು. ಪರಿಣಾಮವಾಗಿ ನಾಲ್ಕು ಕಪ್ಪು-ಬಿಳುಪು ಚುಕ್ಕೆಗಳ ಒಂದು ಗುಂಪು ಬಣ್ಣದ ತರಂಗದ ಒಂದು ಆವರ್ತಕ್ಕೆ ಸಮವಾಗುತ್ತದೆ. ಪಾಪ, ಟಿವಿಗೆ ಅದು ಚುಕ್ಕೆಗಳ ಗುಂಪೋ ಬಣ್ಣದ ಸಂಕೇತವೋ ತಿಳಿಯದು; ಬಣ್ಣವೆಂದೇ ತೋರಿಸುತ್ತದೆ. ನಾಲ್ಕು ಚುಕ್ಕೆಗಳನ್ನು ಕಪ್ಪು ಅಥವಾ ಬಿಳಿಯಾಗಿ ಜೋಡಿಸುವ ವಿಧಗಳು ಎರಡರ ನಾಲ್ಕನೆಯ ಘಾತ, ಅಂದರೆ 16. ಹೀಗೆ ಎರಡು ಬಣ್ಣದ ವಿಧಾನದಿಂದ 16 ಬಣ್ಣ! ಸಿಯೆರಾ ಸಂಸ್ಥೆಯ 'ಕಿಂಗ್ಸ್ ಕ್ವೆಸ್ಟ್' (1984) ಮುಂತಾದ ಆಟಗಳು ಇದನ್ನು ಬಳಸಿಕೊಂಡವು.

ಅದೇ ಚಿತ್ರವನ್ನು ನೇರ ಬಣ್ಣದ ಸಂಕೇತ ಪಡೆಯುವ ಗಣಕದ ಮಾನಿಟರಿನಲ್ಲಿ ನೋಡಿದರೆ ಕಾಣುವುದು ಕಪ್ಪು-ಬಿಳುಪಿನ ಲಂಬ ಪಟ್ಟೆಗಳು. ಪಾಲ್ ಪದ್ಧತಿಯ ಉಪವಾಹಕ ತರಂಗದ ಆವೃತ್ತಿ ಸುಮಾರು 4.43 ಮೆಗಾಹರ್ಟ್ಸ್ ಆದ್ದರಿಂದ ಆ ಉಪಾಯ ನಮ್ಮ ಟಿವಿಗಳಲ್ಲಿ ಫಲಿಸುವಂತಿರಲಿಲ್ಲ. ಆಟದ ಒಂದು ಬೈಟೂ ಬದಲಾಗಿಲ್ಲ; ದೇಶ ಬದಲಾಯಿತು, ಚಿತ್ರ ಬದಲಾಯಿತು.

ಭಾರತದ ಅನೇಕ ಕಚೇರಿ, ಕಾಲೇಜುಗಳಿಗೆ ಬಂದದ್ದು ಇದಕ್ಕಿಂತ ಭಿನ್ನವಾದ ಏಕವರ್ಣ ಮಾನಿಟರು. ಅದರ ಜೊತೆಗಿನ 'ಹರ್ಕ್ಯುಲಿಸ್' ಕಾರ್ಡಿನ (1982) ಚಿತ್ರ 720 × 348 ಪಿಕ್ಸೆಲುಗಳದ್ದು. ಅಕ್ಷರಗಳಿಗೆ ಅದು ಬಹಳ ಚೆನ್ನ. ಆದರೆ ಸಿಜಿಎಗಾಗಿ ಬರೆದ ಆಟ ಅದರಲ್ಲಿ ಓಡದು. ಇದಕ್ಕೆ ಪರಿಹಾರವಾಗಿ 'ಸಿಮ್‌ಸಿಜಿಎ'ಯಂಥ ಪುಟ್ಟ ತಂತ್ರಾಂಶಗಳು ಬಂದವು. ಆಟ ಆರಂಭಿಸುವ ಮೊದಲು ಅದನ್ನು ಓಡಿಸಿದರೆ ಅದು ಸ್ಮರಣೆಯಲ್ಲಿ ಕುಳಿತು, ಇಲ್ಲಿ ಸಿಜಿಎ ಕಾರ್ಡು ಇದೆ ಎಂದು ಆಟವನ್ನು ನಂಬಿಸುತ್ತಿತ್ತು. ಹಳೆಯ ಆಟವನ್ನು ಬೇರೆ ಪರದೆಗೆ ಒಗ್ಗಿಸುವ ಕೆಲಸ ಹೀಗೆ 1980ರ ದಶಕದಲ್ಲೇ ಶುರುವಾಗಿತ್ತು.

64,000 ಪಿಕ್ಸೆಲುಗಳ ಲೆಕ್ಕ

1987ರಲ್ಲಿ ಐಬಿಎಂ 'ವಿಜಿಎ' ಪದ್ಧತಿಯನ್ನು ತಂದಿತು. ಅದರ ಒಂದು ವಿಧಾನ ಆಟಗಾರರ ಲೋಕವನ್ನೇ ಆಳಿತು: 320 × 200 ಪಿಕ್ಸೆಲು, 256 ಬಣ್ಣ. ಒಂದು ಪಿಕ್ಸೆಲಿಗೆ ಒಂದು ಬೈಟು. 320ನ್ನು 200ರಿಂದ ಗುಣಿಸಿದರೆ 64,000. ಅಂದಿನ ಪ್ರೊಸೆಸರು ಸ್ಮರಣೆಯನ್ನು 65,536 ಬೈಟುಗಳ ಖಂಡಗಳಾಗಿ ನೋಡುತ್ತಿತ್ತು. ಇಡೀ ಪರದೆ ಒಂದೇ ಖಂಡದೊಳಗೆ ಹಿಡಿಸುತ್ತಿದ್ದುದರಿಂದ ಚಿತ್ರ ಬರೆಯುವುದು ಸುಲಭವೂ ವೇಗವೂ ಆಗಿತ್ತು. 1993ರ 'ಡೂಮ್' ಕೂಡ ಈ ಅಳತೆಯದೇ ಆಟ.

ಈಗ ನಿಮ್ಮ ವಿದ್ಯಾರ್ಥಿಗಳಿಗೆ ಒಂದು ಪ್ರಶ್ನೆ ಕೇಳಿ. ಮಾನಿಟರಿನ ಅನುಪಾತ 4:3. ಅದರಲ್ಲಿ ಅಡ್ಡ 320, ಉದ್ದ 200 ಪಿಕ್ಸೆಲು ತುಂಬಿದರೆ ಒಂದೊಂದು ಪಿಕ್ಸೆಲಿನ ಆಕಾರ ಏನು?

ಅಗಲ 4 ಭಾಗವನ್ನು 320ಕ್ಕೆ ಹಂಚಿದರೆ 0.0125. ಎತ್ತರ 3 ಭಾಗವನ್ನು 200ಕ್ಕೆ ಹಂಚಿದರೆ 0.0150. ಅಂದರೆ ಅಗಲಕ್ಕೂ ಎತ್ತರಕ್ಕೂ 5:6 ಅನುಪಾತ. ಪಿಕ್ಸೆಲು ಚೌಕವಲ್ಲ, ನಿಂತ ಆಯತ! ಆದ್ದರಿಂದ ಪರದೆಯಲ್ಲಿ ದುಂಡಗಿನ ಚಂದ್ರ ಕಾಣಬೇಕಾದರೆ ಕಲಾವಿದರು ಅದನ್ನು ಅಡ್ಡ 120, ಉದ್ದ 100 ಪಿಕ್ಸೆಲುಗಳ ಲೆಕ್ಕದಲ್ಲಿ ಬರೆಯಬೇಕಿತ್ತು. ಸ್ಮರಣೆಯಲ್ಲಿ ಚಪ್ಪಟೆ ಚಂದ್ರ, ಪರದೆಯಲ್ಲಿ ಪೂರ್ಣಚಂದ್ರ.

ಇಂದಿನ ಪರದೆಗಳ ಪಿಕ್ಸೆಲು ಚೌಕ. ಹಳೆಯ ಚಿತ್ರವನ್ನು ಪಿಕ್ಸೆಲಿಗೆ ಪಿಕ್ಸೆಲಿನಂತೆ ಅಲ್ಲಿ ತೋರಿಸಿದರೆ ಆ ಚಂದ್ರ ಚಪ್ಪಟೆಯಾಗಿಯೇ ಕಾಣುತ್ತಾನೆ. ಎತ್ತರ ಆರನೇ ಒಂದು ಪಾಲು ಕಡಿಮೆಯಾಗುತ್ತದೆ. ಹಳೆಯ ಆಟಗಳ ವೀರರು ಕುಳ್ಳಗೆ, ದಪ್ಪಗೆ ಕಾಣುವುದಕ್ಕೆ ಇದೇ ಕಾರಣ. ಆದರೆ ಒಂದು ಎಚ್ಚರಿಕೆ ಇರಲಿ. ಎಲ್ಲ ಕಲಾವಿದರೂ ಈ ಲೆಕ್ಕ ಹಾಕಲಿಲ್ಲ. ಕೆಲವರು ಚೌಕ ಪಿಕ್ಸೆಲು ಎಂದುಕೊಂಡೇ ಬರೆದರು. ಅಂಥ ಆಟಗಳಲ್ಲಿ ಚಂದ್ರ ಅಂದಿನ ಮಾನಿಟರಿನಲ್ಲೇ ಉದ್ದವಾಗಿ ಕಾಣುತ್ತಿದ್ದ. ಆದ್ದರಿಂದ ಯಾವುದು ಸರಿ ಎಂಬುದನ್ನು ಆಯಾ ಆಟವನ್ನು ನೋಡಿಯೇ ನಿರ್ಧರಿಸಬೇಕು.

ಬಣ್ಣಕ್ಕೊಂದು ಸಂಖ್ಯೆ

ಒಂದು ಬೈಟಿನಲ್ಲಿ 0ಯಿಂದ 255ರವರೆಗಿನ ಸಂಖ್ಯೆಯನ್ನಷ್ಟೇ ಬರೆಯಬಹುದು. 256 ಬಣ್ಣಗಳ ಆಟಗಳು ಪಿಕ್ಸೆಲಿನಲ್ಲಿ ಬಣ್ಣವನ್ನು ಇಡುವುದಿಲ್ಲ, ಬಣ್ಣದ ಕ್ರಮಸಂಖ್ಯೆಯನ್ನು ಇಡುತ್ತವೆ. 37 ಎಂದರೆ ಯಾವ ಬಣ್ಣ? ಅದು ಬೇರೊಂದು ಪಟ್ಟಿಯಲ್ಲಿದೆ. ಆ ಪಟ್ಟಿಗೆ ವರ್ಣಫಲಕ ಎನ್ನೋಣ. ವಿಜಿಎಯಲ್ಲಿ 2,62,144 ಬಣ್ಣಗಳಿಂದ ಬೇಕಾದ 256ನ್ನು ಆರಿಸಿ ಫಲಕ ಮಾಡಿಕೊಳ್ಳಬಹುದಿತ್ತು.

ಕನ್ನಡಿಗರಿಗೆ ಇದನ್ನು ವಿವರಿಸುವುದು ಸುಲಭ. ಕನ್ನಡ ಗಣಕ ಪರಿಷತ್ತಿನ 'ನುಡಿ' ತಂತ್ರಾಂಶದ ಹಳೆಯ ಅಕ್ಷರಶೈಲಿಯಲ್ಲಿ ಟೈಪು ಮಾಡಿದ ಸುತ್ತೋಲೆಯನ್ನು ಆ ಅಕ್ಷರಶೈಲಿ ಇಲ್ಲದ ಗಣಕದಲ್ಲಿ ತೆರೆದಿದ್ದೀರಾ? ಅರ್ಥವಿಲ್ಲದ ರೋಮನ್ ಚಿಹ್ನೆಗಳು ತುಂಬಿರುತ್ತವೆ. ಕಡತ ಹಾಳಾಗಿಲ್ಲ, ಸಂಖ್ಯೆಗಳೆಲ್ಲ ಸರಿಯಾಗಿಯೇ ಇವೆ. ಸಂಖ್ಯೆಯನ್ನು ಅಕ್ಷರವಾಗಿಸುವ ಪಟ್ಟಿ ಮಾತ್ರ ಬೇರೆಯದಾಗಿದೆ. ಬಣ್ಣಗೆಟ್ಟ ಆಟದ ಕಥೆಯೂ ಇದೇ.

1999ರ 'ಏಜ್ ಆಫ್ ಎಂಪೈರ್ಸ್ 2' ಇಂಥ 256 ಬಣ್ಣಗಳ ಆಟ. ಅದನ್ನು 2009ರ ವಿಂಡೋಸ್ 7ರಲ್ಲಿ ಆಡಿದವರು ಹುಲ್ಲು ನೇರಳೆ ಬಣ್ಣಕ್ಕೆ ತಿರುಗುವುದನ್ನು ಕಂಡರು. ಆಟ ಓಡುತ್ತಿರುವಾಗಲೇ ವಿಂಡೋಸಿನ ಡೆಸ್ಕ್‌ಟಾಪನ್ನು ನೋಡಿಕೊಳ್ಳುವ 'ಎಕ್ಸ್‌ಪ್ಲೋರರ್' ತಂತ್ರಾಂಶ ತನ್ನ ಬಣ್ಣಗಳನ್ನು ಅದೇ ಫಲಕದಲ್ಲಿ ಬರೆದುಬಿಡುತ್ತಿತ್ತು. ಆಡುವ ಮೊದಲು ಎಕ್ಸ್‌ಪ್ಲೋರರನ್ನು ನಿಲ್ಲಿಸಿದರೆ ಹುಲ್ಲು ಮತ್ತೆ ಹಸಿರು. ಎಷ್ಟೋ ಮಂದಿ ಮಾನಿಟರಿನ ಕೇಬಲನ್ನು ಅಲ್ಲಾಡಿಸಿ, ಗ್ರಾಫಿಕ್ಸ್ ಕಾರ್ಡನ್ನು ಬದಲಿಸಿ ಸೋತಿದ್ದ ದೋಷಕ್ಕೆ ಮದ್ದು ಇಷ್ಟೇ.

ವೇಗವೂ ಚಿತ್ರದ ಭಾಗ

ಕೆನಡಾದ ವಿಂಡ್‌ಮಿಲ್ ಸಂಸ್ಥೆಯ 'ಡಿಗ್ಗರ್' (1983) ಆಟ ಗೊತ್ತಿರಬಹುದು. ನೆಲ ಅಗೆದು ರತ್ನಗಳನ್ನು ಆಯುವ ಪುಟ್ಟ ಯಂತ್ರ. ಅದು 4.77 ಮೆಗಾಹರ್ಟ್ಸ್ ಪ್ರೊಸೆಸರಿಗೆಂದು ಬರೆದದ್ದು. ಮುಂದಿನ ವೇಗದ ಗಣಕಗಳಲ್ಲಿ ಅದು ಕಣ್ಣಿಗೆ ಸಿಗದಷ್ಟು ಜೋರಾಗಿ ಓಡಿತು. ಆ ಕಾಲದ ಗಣಕಗಳ ಮುಂಭಾಗದಲ್ಲಿದ್ದ 'ಟರ್ಬೋ' ಗುಂಡಿ ಪ್ರೊಸೆಸರಿನ ವೇಗ ತಗ್ಗಿಸಲೆಂದೇ ಇತ್ತು. 1998ರಲ್ಲಿ ಆಂಡ್ರ್ಯೂ ಜೆನ್ನರ್ ಎಂಬವರು ಡಿಗ್ಗರ್ ಆಟವನ್ನು ಬಿಡಿಸಿ ನೋಡಿ ಹೊಸದಾಗಿ ಬರೆದು, ಯಾವ ಗಣಕದಲ್ಲೂ ಸರಿಯಾದ ವೇಗದಲ್ಲಿ ಓಡುವಂತೆ ಮಾಡಿದರು.

ಡೂಮ್ ರಚಿಸಿದವರು ಹೆಚ್ಚು ಎಚ್ಚರ ವಹಿಸಿದ್ದರು. 320 × 200ರ ವಿಧಾನದಲ್ಲಿ ವಿಜಿಎ ಮಾನಿಟರಿನ ಕಿರಣ ಸೆಕೆಂಡಿಗೆ 70 ಸಲ ಓಡುತ್ತದೆ. ಆಟದ ಗಡಿಯಾರ ಅದರ ಅರ್ಧ, ಅಂದರೆ 35 ಸಲ ಮಿಡಿಯುತ್ತದೆ. ಪ್ರೊಸೆಸರು ಎಷ್ಟೇ ವೇಗವಾಗಿದ್ದರೂ ಆಟದ ಲೋಕದ ಕಾಲ ಕೆಡುವುದಿಲ್ಲ. ಆದರೆ 70 ಎಂಬ ಸಂಖ್ಯೆ ಇಲ್ಲಿಯೂ ಆ ಕಾಲದ ಪರದೆಯಿಂದಲೇ ಬಂದದ್ದು ಎಂಬುದನ್ನು ಗಮನಿಸಿ. 60 ಸಲ ಚಿತ್ರ ಬದಲಿಸುವ ಪರದೆಯಲ್ಲಿ 35 ಸರಿಯಾಗಿ ಭಾಗಿಸದು. ಚಲನೆ ಆಗಾಗ ಸಣ್ಣಗೆ ಎಡವುತ್ತದೆ.

ತಿರುಪು ಹೋಯಿತು, ಪಿಕ್ಸೆಲು ಗಟ್ಟಿಯಾಯಿತು

ಹಳೆಯ ದಪ್ಪ ಮಾನಿಟರಿನಲ್ಲಿ ಚಿತ್ರ ಮೊಟ್ಟೆಯಾದರೆ ಏನು ಮಾಡುತ್ತಿದ್ದೆವು? ಮುಂಭಾಗದ ತಿರುಪು ಅಥವಾ ಗುಂಡಿಯಿಂದ ಎತ್ತರ, ಅಗಲಗಳನ್ನು ಹೊಂದಿಸುತ್ತಿದ್ದೆವು. ಕಿರಣವನ್ನು ಬಾಗಿಸುವ ಕಾಂತಕ್ಷೇತ್ರ ಹೆಚ್ಚು ಕಡಿಮೆಯಾಗಿ ಚಿತ್ರ ಹಿಗ್ಗುತ್ತಿತ್ತು, ಕುಗ್ಗುತ್ತಿತ್ತು. 640 ಪಿಕ್ಸೆಲು ಬರಲಿ, 1024 ಬರಲಿ, ಕಿರಣಕ್ಕೆ ಎಲ್ಲ ಒಂದೇ.

ಎಲ್‌ಸಿಡಿ ಹಾಗಲ್ಲ. ಅದರ ಪಿಕ್ಸೆಲುಗಳು ಕಾರ್ಖಾನೆಯಲ್ಲೇ ನಿಗದಿಯಾದ ಕೋಶಗಳು. 1366 × 768ರ ಪರದೆಗೆ 640 × 480ರ ಆಟ ಬಂದರೆ 480 ಸಾಲುಗಳನ್ನು 768ಕ್ಕೆ ಹಂಚಬೇಕು. ಐದು ಸಾಲು ಎಂಟಾಗಬೇಕು! ಮೂರು ಸಾಲುಗಳನ್ನು ಇಮ್ಮಡಿಸಿ ಎರಡನ್ನು ಹಾಗೆಯೇ ಬಿಟ್ಟರೆ ಅಕ್ಷರಗಳ ಗೆರೆ ಕೆಲವು ಕಡೆ ದಪ್ಪ, ಕೆಲವು ಕಡೆ ತೆಳು. ಅಕ್ಕಪಕ್ಕದ ಬಣ್ಣ ಬೆರೆಸಿ ಹಂಚಿದರೆ ಎಲ್ಲವೂ ಮಸುಕು. ಎಲ್‌ಸಿಡಿಯಲ್ಲಿ ಹಳೆಯ ಆಟ ಮಂಜು ಕವಿದಂತೆ ಕಾಣುವುದು ಇದರಿಂದ.

ಆಕಾರವೂ ಬದಲಾಯಿತು. 2000ದ ದಶಕದಲ್ಲಿ ಜನಪ್ರಿಯವಾಗಿದ್ದ 17 ಅಂಗುಲದ ಎಲ್‌ಸಿಡಿಗಳ ಅಳತೆ 1280 × 1024, ಅಂದರೆ 5:4. 4:3ರ ಚಿತ್ರವನ್ನು ಅದರಲ್ಲಿ ತುಂಬಿಸಿದರೆ ವೃತ್ತ ಸುಮಾರು ಶೇ. 7ರಷ್ಟು ಎತ್ತರವಾಗುತ್ತದೆ, ಬಹಳ ಮಂದಿ ಗಮನಿಸಲೂ ಇಲ್ಲ. ಆಮೇಲೆ ಬಂದ 16:9ರ ಪರದೆಯಲ್ಲಿ ಅದೇ ವೃತ್ತ ಶೇ. 33ರಷ್ಟು ಅಗಲವಾಗುತ್ತದೆ. ಇದನ್ನು ಗಮನಿಸದಿರಲು ಸಾಧ್ಯವಿಲ್ಲ.

ಇನ್ನು ಸಂದೇಶ ಮಾತ್ರ ತೋರುವ ಕಪ್ಪು ಪರದೆ. ದಪ್ಪ ಮಾನಿಟರಿನಲ್ಲಿ ಚಿತ್ರ ಮಿಣುಕದಿರಲೆಂದು ಸೆಕೆಂಡಿಗೆ 85 ಓಟ ಇಟ್ಟಿರುವುದು ರೂಢಿಯಾಗಿತ್ತು. ಎಲ್‌ಸಿಡಿ ಮಿಣುಕುವುದಿಲ್ಲವಾದ್ದರಿಂದ ಅಂದಿನವು ಸಾಮಾನ್ಯವಾಗಿ 75ರವರೆಗೆ ಮಾತ್ರ ಒಪ್ಪುತ್ತಿದ್ದವು. ಗಣಕ ಅದೇ 85ನ್ನು ಕಳುಹಿಸುತ್ತದೆ, ಹೊಸ ಮಾನಿಟರು ಒಲ್ಲೆ ಎನ್ನುತ್ತದೆ. ಇದೂ ಕೆಟ್ಟುಹೋದದ್ದಲ್ಲ.

ಸರಿಪಡಿಸಲಾಗದ ಒಂದು ಉದಾಹರಣೆಯೂ ಇದೆ. 1990ರ ದಶಕದಲ್ಲಿ ನಮ್ಮ ಪೇಟೆಗಳಲ್ಲಿ ಮಾರುತ್ತಿದ್ದ ಟಿವಿ ವಿಡಿಯೋಗೇಮುಗಳ ಜೊತೆಗೆ ಒಂದು ಬಂದೂಕು ಬರುತ್ತಿತ್ತು. ನಿಂಟೆಂಡೋ ಸಂಸ್ಥೆಯ 'ಡಕ್ ಹಂಟ್'ನಲ್ಲಿ (1984) ಹಾರುವ ಬಾತುಕೋಳಿಗೆ ಗುರಿಯಿಡಬೇಕು. ಬಂದೂಕು ಏನನ್ನೂ ಹಾರಿಸುವುದಿಲ್ಲ. ಅದರ ಕೊಳವೆಯಲ್ಲಿರುವುದು ಬೆಳಕನ್ನು ಗುರುತಿಸುವ ಸಾಧನ. ಕುದುರೆ ಎಳೆದಾಗ ಪರದೆ ಕ್ಷಣಮಾತ್ರ ಕಪ್ಪಾಗಿ, ಬಾತುಕೋಳಿ ಇದ್ದಲ್ಲಿ ಬಿಳಿ ಚೌಕ ಮೂಡುತ್ತದೆ. ಅದೇ ಕ್ಷಣ ಬಂದೂಕಿಗೆ ಬೆಳಕು ಕಂಡರೆ ಗುರಿ ಸರಿ. ಎಲ್‌ಸಿಡಿ ಟಿವಿ ಚಿತ್ರವನ್ನು ಸಂಸ್ಕರಿಸಿ ತೋರಿಸುವಷ್ಟರಲ್ಲಿ ಆ ಕ್ಷಣ ಮೀರಿರುತ್ತದೆ. ಎಷ್ಟು ಹೊಡೆದರೂ ಬಾತುಕೋಳಿ ಹಾರಿಹೋಗುತ್ತದೆ.

ಸರಿಪಡಿಸುವ ದಾರಿ

ಇಲ್ಲಿಯವರೆಗಿನ ಚರಿತ್ರೆಯನ್ನು ಓದಿದ ಮೇಲೆ ಪರಿಹಾರಗಳು ನಿಮಗೇ ಹೊಳೆದಿರಬಹುದು. ದೋಷ ಯಾವ ಜಾತಿಯದು ಎಂದು ಮೊದಲು ಗುರುತಿಸಿ.

1. ಆಕಾರ ಕೆಟ್ಟಿದ್ದರೆ: ಮಾನಿಟರಿನ ಗುಂಡಿಯಲ್ಲಿ ಅಥವಾ ಗ್ರಾಫಿಕ್ಸ್ ಕಾರ್ಡಿನ ಹೊಂದಾಣಿಕೆಯಲ್ಲಿ 'ಪರದೆ ತುಂಬು' ಎಂಬುದನ್ನು ಬಿಟ್ಟು 'ಅನುಪಾತ ಉಳಿಸು' ಎಂಬುದನ್ನು ಆರಿಸಿ. 1920 × 1080ರ ಪರದೆಯಲ್ಲಿ 4:3ರ ಚಿತ್ರಕ್ಕೆ ಸಲ್ಲುವುದು 1440 × 1080. ಎರಡು ಬದಿಯಲ್ಲಿ 240 ಪಿಕ್ಸೆಲಿನ ಕಪ್ಪು ಪಟ್ಟಿ ಉಳಿಯುತ್ತದೆ. ಆ ಪಟ್ಟಿ ನಷ್ಟವಲ್ಲ, ವೃತ್ತ ವೃತ್ತವಾಗಿರಲು ತೆರುವ ಬೆಲೆ.

2. ಡಾಸ್ ಕಾಲದ ಆಟವಾದರೆ: 2002ರಲ್ಲಿ ಮೊದಲು ಬಿಡುಗಡೆಯಾದ 'ಡಾಸ್‌ಬಾಕ್ಸ್' ಎಂಬ ಉಚಿತ ತಂತ್ರಾಂಶ ಹಳೆಯ ಗಣಕವನ್ನೇ ಅನುಕರಿಸುತ್ತದೆ. ಯಾವ ಕಾರ್ಡು (ಸಿಜಿಎ, ಹರ್ಕ್ಯುಲಿಸ್, ವಿಜಿಎ), ಎಷ್ಟು ವೇಗ, ಪಿಕ್ಸೆಲಿನ 5:6 ತಿದ್ದುಪಡಿ ಬೇಕೇ ಬೇಡವೇ ಎಂದು ಅದರ ಹೊಂದಾಣಿಕೆ ಕಡತದಲ್ಲಿ ಬರೆಯಬಹುದು. ಒಂದು ಸ್ವಾರಸ್ಯ: 1600 × 1200ರ ಪರದೆಯಲ್ಲಿ ಪ್ರತಿ ಪಿಕ್ಸೆಲನ್ನು ಅಡ್ಡ 5, ಉದ್ದ 6 ಸಲ ಪುನರಾವರ್ತಿಸಿದರೆ 320 × 200ರ ಚಿತ್ರ ಮಸುಕಿಲ್ಲದೆ, ಸರಿಯಾದ ಆಕಾರದಲ್ಲಿ ಕೂರುತ್ತದೆ.

3. ಬಣ್ಣ ಕೆಟ್ಟಿದ್ದರೆ: ವಿಂಡೋಸಿನಲ್ಲಿ ಆಟದ ಗುರುತಿನ ಮೇಲೆ ಬಲಗುಂಡಿ ಒತ್ತಿ ಹೊಂದಾಣಿಕೆಯ ಪುಟಕ್ಕೆ ಹೋದರೆ ಕಡಿಮೆ ಬಣ್ಣ, 640 × 480ರ ಪರದೆ ಮುಂತಾದ ಆಯ್ಕೆಗಳಿವೆ. ಒಂದು ಸಲಕ್ಕೆ ಒಂದನ್ನು ಮಾತ್ರ ಬದಲಿಸಿ ನೋಡಿ. ಇದು ಪ್ರಯೋಗಶಾಲೆಯ ನಿಯಮವೇ.

4. ಚಿತ್ರವೇ ಬಾರದಿದ್ದರೆ: ಗಣಕವನ್ನು ಸುರಕ್ಷಿತ ವಿಧಾನದಲ್ಲಿ ಆರಂಭಿಸಿ, ಓಟದ ಸಂಖ್ಯೆಯನ್ನು 60ಕ್ಕೆ ಇಳಿಸಿ.

ಒಂದು ಎಚ್ಚರಿಕೆ: ಹಳೆಯ ದಪ್ಪ ಮಾನಿಟರನ್ನು ಬಿಚ್ಚಿ ಸರಿಪಡಿಸಲು ಹೋಗಬೇಡಿ. ಬಣ್ಣದ ನಳಿಕೆಯಲ್ಲಿ 20,000 ವೋಲ್ಟಿಗೂ ಹೆಚ್ಚಿನ ವಿದ್ಯುತ್ತು ಇರುತ್ತದೆ. ಪ್ಲಗ್ ತೆಗೆದ ಮೇಲೂ ಅದು ಉಳಿದಿರಬಹುದು.

ಬೀರುವಿನಲ್ಲಿರುವ ಕನ್ನಡ

ಡೂಮ್, ಡಿಗ್ಗರ್‌ಗಳಿಗೆ ಜಗತ್ತಿನಾದ್ಯಂತ ಅಭಿಮಾನಿಗಳಿದ್ದಾರೆ. ಡೂಮ್ ಆಟದ ಮೂಲ ಸಂಕೇತವನ್ನು ಅದರ ಕರ್ತೃಗಳೇ 1997ರಲ್ಲಿ ಪ್ರಕಟಿಸಿದರು. ಆ ಆಟ ಇನ್ನು ಅಳಿಯುವುದಿಲ್ಲ. ಆದರೆ ಕನ್ನಡದ ಆಟಗಳ ಗತಿ ಏನು?

2000ದ ದಶಕದ ಆರಂಭದಲ್ಲಿ ಕರ್ನಾಟಕ ಸರ್ಕಾರದ 'ಮಾಹಿತಿ ಸಿಂಧು' ಯೋಜನೆಯಿಂದ ಸರ್ಕಾರಿ ಪ್ರೌಢಶಾಲೆಗಳಿಗೆ ಗಣಕ ಕೊಠಡಿಗಳು ಬಂದವು. ಅದೇ ದಶಕದಲ್ಲಿ ಅಜೀಂ ಪ್ರೇಮ್‌ಜಿ ಪ್ರತಿಷ್ಠಾನವು ಪಠ್ಯಕ್ಕೆ ಹೊಂದುವ ಆಟ, ಕಥೆ, ರಸಪ್ರಶ್ನೆಗಳ ಸಿಡಿಗಳನ್ನು ಕನ್ನಡವೂ ಸೇರಿದಂತೆ ಹಲವು ಭಾಷೆಗಳಲ್ಲಿ ಸಿದ್ಧಪಡಿಸಿ ಶಾಲೆಗಳಿಗೆ ಒದಗಿಸಿತು. ಆಗ ಬಳ್ಳಾರಿ ಜಿಲ್ಲೆಯಲ್ಲಿದ್ದು 2021ರಿಂದ ವಿಜಯನಗರ ಜಿಲ್ಲೆಗೆ ಸೇರಿದ ಕೂಡ್ಲಿಗಿಯಂಥ ತಾಲ್ಲೂಕುಗಳ ಮಕ್ಕಳಿಗೆ, ಗಣಕವೆಂಬುದು ಕನ್ನಡದಲ್ಲೂ ಮಾತನಾಡುತ್ತದೆ ಎಂದು ತೋರಿಸಬಲ್ಲ ಸಾಧನಗಳು ಇಂಥವೇ.

ಆ ಕಾಲದ ಕಲಿಕಾ ಸಿಡಿಗಳು ಸಾಮಾನ್ಯವಾಗಿ 640 × 480 ಅಥವಾ 800 × 600ರ ಪರದೆಗೆ ರೂಪಿಸಿದವು. ಇಂದಿನ ಮಾನಿಟರಿನಲ್ಲಿ ಅವು ಹಿಗ್ಗಿ ಮೊಟ್ಟೆಯಾಗುತ್ತವೆ, ಇಲ್ಲವೇ ಮೂಲೆಯಲ್ಲಿ ಅಂಚೆಚೀಟಿಯಷ್ಟಾಗುತ್ತವೆ. ಕೆಲವು ಸಿಡಿಗಳ ಅನುಸ್ಥಾಪನ ತಂತ್ರಾಂಶ 16 ಬಿಟ್‌ನದು. 64 ಬಿಟ್‌ನ ವಿಂಡೋಸ್ ಅದನ್ನು ಓಡಿಸುವುದೇ ಇಲ್ಲ. ಬ್ರೌಸರಿನೊಳಗೆ 'ಫ್ಲ್ಯಾಶ್' ಬಳಸಿ ಓಡುತ್ತಿದ್ದ ಪಾಠಗಳಿಗೆ 2020ರ ಡಿಸೆಂಬರ್ 31ರಂದು ಅಡೋಬಿ ಸಂಸ್ಥೆ ಬೆಂಬಲ ನಿಲ್ಲಿಸಿತು. ಆದರೂ ದಾರಿ ಮುಚ್ಚಿಲ್ಲ. ಫ್ಲ್ಯಾಶನ್ನು ಅನುಕರಿಸುವ 'ರಫಲ್' ಎಂಬ ಮುಕ್ತ ತಂತ್ರಾಂಶವಿದೆ. ಹಳೆಯ ವಿಂಡೋಸನ್ನು ಹೊಸ ಗಣಕದೊಳಗೊಂದು ಮಿಥ್ಯಾಗಣಕವಾಗಿ ಓಡಿಸಬಹುದು.

ಗೀರು ಬಿದ್ದ ಸಿಡಿಯನ್ನು ಮಾತ್ರ ಯಾವ ಅನುಕರಣ ತಂತ್ರಾಂಶವೂ ಬದುಕಿಸದು. ಆದ್ದರಿಂದ ಮೊದಲ ಕೆಲಸ ಅದರ ಪೂರ್ಣ ಪ್ರತಿಯನ್ನು ಗಣಕದಲ್ಲಿ ತೆಗೆದಿಡುವುದು. ಎರಡನೆಯದು, ಅದು ಯಾವ ವಿಂಡೋಸಿನಲ್ಲಿ, ಎಷ್ಟು ಪಿಕ್ಸೆಲಿನ ಪರದೆಯಲ್ಲಿ, ಎಷ್ಟು ಬಣ್ಣಗಳಲ್ಲಿ ಸರಿಯಾಗಿ ಓಡುತ್ತಿತ್ತು ಎಂದು ಒಂದು ಚೀಟಿಯಲ್ಲಿ ಬರೆದಿಡುವುದು. ಆಟ ಬರೆದವರು ಹೇಳದೆ ಬಿಟ್ಟ ನಂಬಿಕೆಯನ್ನು ಆ ಚೀಟಿ ಹೇಳುತ್ತದೆ.

ಮಾಡಿ ನೋಡಿ

ವಿದ್ಯಾರ್ಥಿಗಳಿಗೆ ಒಂದು ಚಟುವಟಿಕೆ. ಗಣಕದ ಚಿತ್ರ ಬರೆಯುವ ತಂತ್ರಾಂಶದಲ್ಲಿ ಅಡ್ಡ 300, ಉದ್ದ 300 ಪಿಕ್ಸೆಲಿನ ವೃತ್ತ ಬರೆಯಿರಿ. ಪಾರದರ್ಶಕ ಅಳತೆಪಟ್ಟಿಯಿಂದ ಪರದೆಯ ಮೇಲೆ ಅದರ ಅಡ್ಡ ಮತ್ತು ಲಂಬ ವ್ಯಾಸಗಳನ್ನು ಮಿಲಿಮೀಟರಿನಲ್ಲಿ ಅಳೆದು ಅನುಪಾತ ಕಂಡುಹಿಡಿಯಿರಿ. ಪರದೆಯ ಹೊಂದಾಣಿಕೆಯನ್ನು 800 × 600, 1024 × 768, 1280 × 1024 ಎಂದು ಬದಲಿಸುತ್ತಾ ಪ್ರತಿ ಸಲ ಅಳೆದು ಕೋಷ್ಟಕದಲ್ಲಿ ಬರೆಯಿರಿ. ಅನುಪಾತ 1 ಬಂದರೆ ಪಿಕ್ಸೆಲು ಚೌಕ. ಬರದಿದ್ದರೆ, ಎಷ್ಟು ಬರಬೇಕೆಂದು ಪರದೆಯ ಅಗಲ, ಎತ್ತರಗಳಿಂದ ಮೊದಲೇ ಲೆಕ್ಕ ಹಾಕಿ, ಅಳತೆಯೊಂದಿಗೆ ಹೋಲಿಸಿ. ಲೆಕ್ಕವೂ ಅಳತೆಯೂ ಹೊಂದಿದ ದಿನ, ಬೀರುವಿನಲ್ಲಿರುವ ಆ ಹಳೆಯ ಸಿಡಿಯನ್ನು ಹೊರತೆಗೆಯಿರಿ. ಅದನ್ನು ಸರಿಯಾಗಿ ತೋರಿಸಲು ಬೇಕಾದ ಗಣಿತ ನಿಮ್ಮ ವಿದ್ಯಾರ್ಥಿಗಳಿಗೆ ಆಗಲೇ ಬಂದಿರುತ್ತದೆ.